ಬಯಲಲ್ಲಿ ಧ್ವನಿ ಹಿಡಿಯುವವರು ಒಕೇಯೆವ್ ಸಿನಿಮಾ ಯಾಕೆ ನೋಡಬೇಕು

ಕಿರ್ಗಿಜ್ ನಿರ್ದೇಶಕ ತೊಲೊಮುಶ್ ಒಕೇಯೆವ್ ಮೊದಲು ಸೌಂಡ್ ಎಂಜಿನಿಯರ್, ಆಮೇಲೆ ನಿರ್ದೇಶಕ. ಹುಟ್ಟಿದ್ದು 1935ರಲ್ಲಿ, ಇಸಿಕ್-ಕುಲ್ ಸರೋವರದ ದಕ್ಷಿಣ ದಂಡೆಯ ಬೊಕೊನ್‌ಬಾಯೆವೊದಲ್ಲಿ. ಲೆನಿನ್‌ಗ್ರಾಡಿನಲ್ಲಿ ಸಿನಿಮಾ ಎಂಜಿನಿಯರಿಂಗ್ ಓದಿ ಬಂದವರು 1963ರಲ್ಲಿ ಸೋವಿಯತ್ ನಿರ್ದೇಶಕಿ ಲಾರಿಸಾ ಶೆಪಿಟ್ಕೊ ಅವರ 'ಝ್ನೋಯ್' (ಧಗೆ) ಚಿತ್ರಕ್ಕೆ ಧ್ವನಿ ಮಾಡಿದರು. ಸುಡುಬಿಸಿಲಿನ ಹುಲ್ಲುಗಾವಲಿನಲ್ಲಿ ತೆಗೆದ ಚಿತ್ರ ಅದು. 1966ರಲ್ಲಿ ಅವರದೇ 'ನಮ್ಮ ಬಾಲ್ಯದ ಆಕಾಶ' ಬಂತು: ಬೆಟ್ಟದ ಮೇಲಿನ ಕುದುರೆಗಾಹಿ ಬಕಾಯ್‌ನ ಸಂಸಾರ, ಹತ್ತಿರವೇ ರಸ್ತೆಗಾಗಿ ಬಂಡೆ ಸಿಡಿಸುವ ಸದ್ದು.

ಆ ಸಿಡಿತದಂಥದ್ದನ್ನು ಇವತ್ತು ರೆಕಾರ್ಡ್ ಮಾಡಬೇಕಾದರೆ ಒಂದೇ ಮೈಕ್ ನಂಬಬೇಡಿ. ಒಂದನ್ನು ಮಾಮೂಲಿ ಲೆವೆಲ್‌ನಲ್ಲಿಡಿ, ಇನ್ನೊಂದನ್ನು 20 ಡೆಸಿಬಲ್ ಕೆಳಗೆ. ಮೊದಲನೆಯದು ಕ್ಲಿಪ್ ಆದರೂ, ಅಂದರೆ ಸದ್ದು ಮಿತಿಮೀರಿ ಒಡೆದರೂ, ಪ್ರತಿಧ್ವನಿಯ ಬಾಲ ಅದರಲ್ಲೇ ಚೆನ್ನಾಗಿ ಸಿಗುತ್ತದೆ, ಹೊಡೆತ ಎರಡನೆಯದರಲ್ಲಿ. ಶಬ್ದದ ವೇಗ ಸೆಕೆಂಡಿಗೆ ಸುಮಾರು 340 ಮೀಟರ್. ಒಂದು ಕಿಲೋಮೀಟರ್ ಆಚೆ ಧೂಳೆದ್ದು ಮೂರು ಸೆಕೆಂಡಾದ ಮೇಲೆ ಸದ್ದು ತಲುಪುತ್ತದೆ. ಮೈಕಿನ ಪಕ್ಕದಲ್ಲೇ ಸಿಡಿದರೂ, 700 ಮೀಟರ್ ದೂರದ ಬಂಡೆಗೋಡೆಗೆ ಬಡಿದು ತಿರುಗಿ ಬರಲು ನಾಲ್ಕು ಸೆಕೆಂಡು ಬೇಕು. ಹೊಗೆ ಕಂಡ ಕೂಡಲೇ 'ಕಟ್' ಅಂದರೆ ಕಣಿವೆಯೇ ಕೈತಪ್ಪಿತು. ಕನಿಷ್ಠ 20 ಸೆಕೆಂಡು ಯಾರೂ ಉಸಿರೆತ್ತಬಾರದು. ಎಡಿಟಿಂಗ್‌ನಲ್ಲಿ ಆ ಮೂರು ಸೆಕೆಂಡು ಉಳಿಸಬೇಕೋ, ಸದ್ದನ್ನು ಹೊಗೆಗೆ ಕೂಡಿಸಬೇಕೋ ಎಂಬ ಜಗಳ ಇದ್ದದ್ದೇ. ಅಗಲ ಶಾಟ್‌ನಲ್ಲಿ ಉಳಿಸುವುದೇ ಸರಿ, ದೂರ ಎಷ್ಟೆಂದು ಕಿವಿಗೆ ಗೊತ್ತಾಗುತ್ತದೆ.

ಗಾಳಿಯದು ಬೇರೆ ಪಾಡು. ಬರೀ ಸ್ಪಂಜಿನ ಟೋಪಿ ಬೆಟ್ಟದ ಮೇಲೆ ಸಾಲದು; ಮೈಕಿನ ಸುತ್ತ ಖಾಲಿ ಜಾಗವಿರುವ ಬ್ಲಿಂಪ್, ಅದರ ಮೇಲೆ ತುಪ್ಪಳದ ಕವಚ, ಎರಡೂ ಬೇಕು. ತಗ್ಗಿನ ಸದ್ದು ಕತ್ತರಿಸುವ ಲೋ-ಕಟ್ ಫಿಲ್ಟರ್ ಇದೆಯಲ್ಲ ಎಂದು ಕೂತರೆ, ಗಾಳಿ ಮೈಕಿನೊಳಗೆ ಕಂಪಿಸುವ ತೆಳುಪೊರೆಯನ್ನೇ (ಡಯಾಫ್ರಮ್) ಅದುಮಿ ವಿಕಾರಗೊಳಿಸಿದ ಧ್ವನಿಯನ್ನು ಯಾವ ಫಿಲ್ಟರೂ ಸರಿಮಾಡದು. ಕುದುರೆ ಇರುವ ದೃಶ್ಯದಲ್ಲಿ 120 ಹರ್ಟ್ಸ್‌ವರೆಗೆ ಕತ್ತರಿಸಿದರೆ ಗೊರಸಿನ ಭಾರ ಹೋಗಿ ತೆಂಗಿನ ಚಿಪ್ಪು ಬಡಿದಂತಾಗುತ್ತದೆ.

ಹುಲ್ಲಿನ ಮೇಲೆ ಗೊರಸು ಹೇಗೂ ಮಂದವಾಗಿಯೇ ಕೇಳುವುದು. ದೃಶ್ಯಕ್ಕೆ ಜೀವ ಕೊಡುವುದು ಜೀನಿನ ಚರ್ಮದ ಕಿರುಗುಟ್ಟುವಿಕೆ, ಕಡಿವಾಣದ ಲೋಹ, ಮೂಗಿನ ಹೊಳ್ಳೆಯ ಬುಸುಗುಡುವಿಕೆ. ಇವನ್ನು ಶಾಟ್ ಮುಗಿದ ಮೇಲೆ ಅರ್ಧ ಮೀಟರ್ ಹತ್ತಿರದಿಂದ ಬೇರೆಯಾಗಿ ತೆಗೆದುಕೊಳ್ಳಿ. ತುಪ್ಪಳ ಹೊದ್ದ ಬೂಮ್ (ಉದ್ದ ಕೋಲಿನ ತುದಿಯ ಮೈಕ್) ಕಂಡರೆ ಕುದುರೆ ಬೆದರುತ್ತದೆ: ಹಿಂದಿನಿಂದ ಹೋಗಬೇಡಿ, ಮೊದಲು ಮೂಸಲು ಬಿಡಿ. ಹೇಗೂ ಡಬ್ಬಿಂಗ್ ಇದೆ, ಡಬ್ಬಿಂಗಿಗೆ ಗುರುತಾಗಿ ಹಿಡಿದಿಡುವ ಪೈಲಟ್ ಟ್ರ್ಯಾಕ್ ಸಾಕು ಅನ್ನುವ ನಮ್ಮ ಅಭ್ಯಾಸದಲ್ಲಿ ಮೊದಲು ಬಲಿಯಾಗುವುದೇ ಈ ಸದ್ದುಗಳು. ಮಾತನ್ನು ಸ್ಟುಡಿಯೋದಲ್ಲಿ ಮತ್ತೆ ಆಡಿಸಬಹುದು. ಕುದುರೆಯನ್ನು ಅಲ್ಲಿಗೆ ಕರೆತರುವ ನಿರ್ಮಾಪಕರು ಸಿಕ್ಕರೆ ತಿಳಿಸಿ.

1985ರಲ್ಲಿ ಬರ್ಲಿನ್ ಚಿತ್ರೋತ್ಸವದಲ್ಲಿ ಬೆಳ್ಳಿ ಕರಡಿ ಪ್ರಶಸ್ತಿ ಪಡೆದ 'ಹಿಮಚಿರತೆಯ ಸಂತತಿ'ಯೂ ಒಕೇಯೆವ್ ಅವರದ್ದೇ. ಸಿಕ್ಕರೆ ಒಂದು ರೀಲಿನಷ್ಟನ್ನು, ಹತ್ತು ನಿಮಿಷ, ಪರದೆಗೆ ಬೆನ್ನು ಹಾಕಿ ಕೇಳಿ.