ಮೇಲ್ಮನವಿಯ ಹಂತದಲ್ಲಿ ಒಂದು ರಾಜಿ

12 ಫೆಬ್ರವರಿ 2024, ಸೋಮವಾರ

ಅಣ್ಣ ತಂಗಿಯರ ಪಾಲು ವಿಭಾಗದ ಮೊಕದ್ದಮೆಯಲ್ಲಿ ಇಂದು ಮೇಲ್ಮನವಿ ನ್ಯಾಯಾಲಯದ ಮುಂದೆ ರಾಜಿ ಅರ್ಜಿಯನ್ನು ಸಲ್ಲಿಸಿದೆವು. ತಂಗಿಗೆ ಅರ್ಧ ಪಾಲು ಕೊಟ್ಟ ಡಿಕ್ರಿಯ, ಅಂದರೆ ಕೆಳಗಿನ ನ್ಯಾಯಾಲಯದ ತೀರ್ಪಿನ ಆದೇಶದ, ವಿರುದ್ಧ ಅಣ್ಣ ಮೇಲ್ಮನವಿ ಹೂಡಿದ್ದರು. ನಾನು ತಂಗಿಯ ಪರ ವಕೀಲ. ಮನೆಯನ್ನು ಪೂರ್ತಿಯಾಗಿ ಅಣ್ಣನಿಗೆ ಬಿಟ್ಟು, ಬಾವಿಯಿರುವ ಜಮೀನನ್ನು ತಂಗಿ ಪಡೆಯಬೇಕೆಂಬುದು ಒಪ್ಪಂದದ ತಿರುಳು.

ವಿಚಾರಣಾ ನ್ಯಾಯಾಲಯದಲ್ಲಿ ರಾಜಿಯಾಗುವಾಗ ಸೋಲು ಗೆಲುವು ಇಬ್ಬರಿಗೂ ತಿಳಿದಿರುವುದಿಲ್ಲ. ಮೇಲ್ಮನವಿಯಲ್ಲಿ ಹಾಗಲ್ಲ, ಒಬ್ಬರ ಕೈಯಲ್ಲಿ ಆಗಲೇ ಡಿಕ್ರಿ ಇರುತ್ತದೆ. ಆದ್ದರಿಂದ ಗೆದ್ದವರು ಏನನ್ನಾದರೂ ಬಿಟ್ಟುಕೊಡಲು ಮುಂದಾದರೆ, ಅದು ಮನಸ್ಸಾರೆಯೋ, ವರ್ಷಗಟ್ಟಲೆ ಅಲೆದ ದಣಿವಿನಿಂದಲೋ, ನೆಂಟರ ಬಲವಂತದಿಂದಲೋ ಎಂದು ವಕೀಲನಾದವನು ಕೇಳಲೇಬೇಕು. ಕಕ್ಷಿದಾರರನ್ನು ಒಬ್ಬರೇ ಇರುವಾಗ ಕೂರಿಸಿಕೊಂಡು ಕೇಳಬೇಕು.

ಸಿವಿಲ್ ಪ್ರಕ್ರಿಯಾ ಸಂಹಿತೆಯ 23ನೇ ಆದೇಶದ 3ನೇ ನಿಯಮದಂತೆ ಒಪ್ಪಂದವು ಕಾನೂನುಬದ್ಧವಾಗಿರಬೇಕು, ಲಿಖಿತವಾಗಿರಬೇಕು ಮತ್ತು ಪಕ್ಷಗಾರರ ಸಹಿ ಹೊಂದಿರಬೇಕು. ಬರವಣಿಗೆ ಮತ್ತು ಸಹಿಯ ಕಟ್ಟುಪಾಡು 1976ರ ತಿದ್ದುಪಡಿಯಿಂದ ಬಂದದ್ದು. 107ನೇ ಕಲಮು ಮೂಲ ನ್ಯಾಯಾಲಯದ ಅಧಿಕಾರಗಳನ್ನು ಮೇಲ್ಮನವಿ ನ್ಯಾಯಾಲಯಕ್ಕೂ ಕೊಟ್ಟಿರುವುದರಿಂದ ಇಲ್ಲಿಯೂ ರಾಜಿಯನ್ನು ದಾಖಲಿಸಲು ಅಡ್ಡಿಯಿಲ್ಲ. ಆದರೆ ಒಮ್ಮೆ ರಾಜಿ ಡಿಕ್ರಿಯಾದರೆ ಹಿಂದಿರುಗುವ ದಾರಿ ಬಹಳ ಕಿರಿದು. ಸಮ್ಮತಿಯ ಡಿಕ್ರಿಯ ಮೇಲೆ ಮೇಲ್ಮನವಿಯನ್ನು 96ನೇ ಕಲಮು ನಿಷೇಧಿಸುತ್ತದೆ, ಪ್ರತ್ಯೇಕ ದಾವೆಯನ್ನು ಅದೇ 23ನೇ ಆದೇಶದ 3ಎ ನಿಯಮ ತಡೆಯುತ್ತದೆ. ಮೋಸ ನಡೆದಿದೆ ಎನ್ನುವವರು ಸಾಮಾನ್ಯವಾಗಿ ಡಿಕ್ರಿ ಮಾಡಿದ ನ್ಯಾಯಾಲಯದ ಮುಂದೆಯೇ ಅದನ್ನು ತೋರಿಸಬೇಕಾಗುತ್ತದೆ. ಸಹಿಗೆ ಮುಂಚಿನ ಎಚ್ಚರವೇ ನಿಜವಾದ ರಕ್ಷಣೆಯೆಂದು ನಾನು ನಂಬಿರುವುದು ಇದರಿಂದಲೇ.

ದಾವೆಯಲ್ಲಿ ಇಲ್ಲದ ಒಂದು ನಿವೇಶನವನ್ನೂ ಸೇರಿಸಬೇಕೆಂದು ಅಣ್ಣ ಬಯಸಿದ್ದರು. ನಿಯಮ ಇದಕ್ಕೆ ಅವಕಾಶ ಕೊಡುತ್ತದೆಯಾದರೂ, ರಾಜಿ ಡಿಕ್ರಿಯನ್ನು ನೋಂದಾಯಿಸಬೇಕಿಲ್ಲವೆಂಬ ನೋಂದಣಿ ಕಾಯಿದೆಯ 17ನೇ ಕಲಮಿನ ವಿನಾಯಿತಿ ದಾವೆಯ ಹೊರಗಿನ ಸ್ಥಿರಾಸ್ತಿಗೆ ಅನ್ವಯಿಸುವುದಿಲ್ಲ. ಎರಡೂ ಕಡೆಯವರು ಚರ್ಚಿಸಿ ಅದನ್ನು ಕೈಬಿಟ್ಟೆವು.

ನ್ಯಾಯಾಧೀಶರು ಷರತ್ತುಗಳನ್ನು ಒಂದೊಂದಾಗಿ ಓದಿ ಹೇಳಿ, "ಅಮ್ಮಾ, ಇದಕ್ಕೆ ನೀವಾಗಿಯೇ ಒಪ್ಪಿದ್ದೀರಾ? ಯಾರಾದರೂ ಒತ್ತಾಯ ಮಾಡಿದ್ದಾರೆಯೇ?" ಎಂದು ಕೇಳಿದರು. ಅನೇಕ ಪ್ರಕರಣಗಳಲ್ಲಿ ಈ ಪ್ರಶ್ನೆಗೆ ತಲೆಯಾಡಿಸುವುದಷ್ಟೇ ಉತ್ತರವಾಗಿರುತ್ತದೆ. ಆಕೆ ಮಾತ್ರ, "ಒಪ್ಪಿದ್ದೇನೆ ಸ್ವಾಮಿ, ಆದರೆ ಜಮೀನು ಬಿಟ್ಟುಕೊಡುವ ದಿನವನ್ನು ಬರೆದೇ ಇಲ್ಲವಲ್ಲ" ಎಂದರು. ನನಗೆ ಬಹಳ ಸಂತೋಷವಾಯಿತು, ಏಕೆಂದರೆ ಬಲವಂತಕ್ಕೆ ಸಹಿ ಹಾಕಿದವರು ಹೀಗೆ ಷರತ್ತನ್ನು ಪರಿಶೀಲಿಸಿ ಕೇಳುವುದಿಲ್ಲ. ಈಗಿರುವ ಬೆಳೆ ಕಟಾವಾದ ಮೂವತ್ತು ದಿನಗಳೊಳಗೆ ಸ್ವಾಧೀನ ಕೊಡುವುದಾಗಿ ಅಣ್ಣ ಒಪ್ಪಿದರು. ಆ ಸಾಲನ್ನು ಅಲ್ಲಿಯೇ ಸೇರಿಸಿ, ಪಕ್ಕದಲ್ಲಿ ಇಬ್ಬರೂ ಸಹಿ ಮಾಡಿದ ಮೇಲೆ ನ್ಯಾಯಾಲಯ ರಾಜಿಯನ್ನು ದಾಖಲಿಸಿಕೊಂಡು, ಕೆಳಗಿನ ಡಿಕ್ರಿಯನ್ನು ಅದರಂತೆ ಮಾರ್ಪಡಿಸಿ ಮೇಲ್ಮನವಿಯನ್ನು ವಿಲೇವಾರಿ ಮಾಡಿತು.