ಬಾನೆಟ್ ತೆಗೆಯೋರು ನಾವು

"ಬಾನೆಟ್ ತೆಗೆಯೋರು ನೀವಲ್ಲ ಮೇಡಂ, ನಾವು."

ಈ ವಾರವಿಡೀ ಈ ಮಾತು ತಲೆಯಲ್ಲೇ ಕೂತಿದೆ. ಬ್ಯಾಂಕಿನಲ್ಲಿ ಫೈಲ್ ನೋಡುವಾಗ ಕೇಳುತ್ತೆ. ರೊಟ್ಟಿ ತಟ್ಟುವಾಗ ಕೇಳುತ್ತೆ. ಹೇಳಿದವರು ನಮ್ಮ ದಾವಣಗೆರೆಯ ಹಳೇ ಪಿ.ಬಿ. ರಸ್ತೆ ಕಡೆ ಸಣ್ಣದೊಂದು ಗ್ಯಾರೇಜ್ ಇಟ್ಟುಕೊಂಡಿರುವ ಮಿಸ್ತ್ರಿ. ಜೋರಾಗಿ ಹೇಳಲಿಲ್ಲ, ಮುಖ ಗಂಟಿಕ್ಕಲೂ ಇಲ್ಲ. ಕೈಯಲ್ಲಿದ್ದ ವೈರ್ ತುಂಡನ್ನು ಜೇಬಿಗೆ ಹಾಕಿಕೊಳ್ಳುತ್ತಾ ಹೇಳಿದರು. ಪಕ್ಕದಲ್ಲಿದ್ದ ನನ್ನ ಮೈದುನನಿಗೆ ಏನು ಹೇಳಬೇಕೋ ತಿಳಿಯಲಿಲ್ಲ. ನನಗೂ ತಿಳಿಯಲಿಲ್ಲ.

ಕಾರು ರಾತ್ರಿ ಹೊತ್ತು ಕೂಗೋಕೆ ಶುರು ಮಾಡಿತ್ತು. ಲಾಕ್ ಮಾಡಿ ಮಲಗಿದರೆ ನಡುರಾತ್ರಿ ಸೈರನ್. ಎದ್ದು ಹೋಗಿ ನೋಡಿದರೆ ಯಾರೂ ಇಲ್ಲ, ಬೆಕ್ಕೂ ಇಲ್ಲ. ಪಕ್ಕದ ಮನೆಯಲ್ಲಿ ಬಾಣಂತಿ ಇದ್ದಾಳೆ. ಸೈರನ್ ಹೊಡೆದರೆ ಕೂಸು ಬೆಚ್ಚಿ ಎದ್ದು ಅಳುತ್ತೆ. ಆಕೆಯ ತಾಯಿ ಒಂದು ಮಾತೂ ಅನ್ನಲಿಲ್ಲ, ಅದೇ ನನಗೆ ಜಾಸ್ತಿ ಸಂಕಟವಾಗಿದ್ದು. ಎದುರುಮನೆಯ ಮೇಷ್ಟ್ರು ಮಾತ್ರ ಬೆಳಗ್ಗೆ ಗೇಟಿಗೇ ಬಂದು, "ಏನಮ್ಮ ನಿಮ್ಮ ಕಾರಿಗೆ? ಯಾರಿಗಾದ್ರೂ ತೋರಿಸಬಾರದಾ?" ಅಂತ ಕೇಳಿದರು. ಅವರು ಕೇಳಿದ್ದರಲ್ಲಿ ತಪ್ಪೇನಿಲ್ಲ.

ಇನ್ನೂ ಎರಡು ಮೂರು ತೊಂದರೆ ಇದ್ದವು. ರೋಡ್ ಹಂಪ್ ದಾಟಿದಾಗಲೆಲ್ಲ ಸ್ಟೇರಿಂಗ್ ಮುಂದಿನ ಮೀಟರ್‌ನಲ್ಲಿ ಬಾನೆಟ್ ತೆರೆದ ಕಾರಿನ ಚಿತ್ರ ಬರುತ್ತಿತ್ತು, ಸ್ವಲ್ಪ ಹೊತ್ತಿಗೆ ಹೋಗುತ್ತಿತ್ತು. ಆಮೇಲಾಮೇಲೆ ಹೋಗೋದೇ ನಿಂತಿತು. ಸಿಗ್ನಲ್‌ನಲ್ಲಿ ತಾನಾಗೇ ಆಫ್ ಆಗಿ, ಕ್ಲಚ್ ಒತ್ತಿದರೆ ತಾನಾಗೇ ಸ್ಟಾರ್ಟ್ ಆಗುತ್ತಿದ್ದ ಎಂಜಿನ್ ಈಗ ಆಫೇ ಆಗುತ್ತಿರಲಿಲ್ಲ. ಬಿಸಿಲಲ್ಲಿ ನಿಂತ ಕಾರನ್ನು ದೂರದಿಂದಲೇ ಕೀ ಒತ್ತಿ ಸ್ಟಾರ್ಟ್ ಮಾಡಿ, ಎಸಿ ತಣ್ಣಗಾದ ಮೇಲೆ ಹತ್ತೋದು ನನಗೆ ರೂಢಿ. ಅದೂ ನಿಂತುಹೋಯಿತು. ಬೇರೆ ಬೇರೆ ಕಾಯಿಲೆ ಅಂತ ಕಾಣುತ್ತಿತ್ತು, ಬೇರು ಒಂದೇ. ಬಾನೆಟ್ ಮುಚ್ಚಿದ್ದರೂ ತೆರೆದಿದೆ ಅಂತ ಕಾರು ನಂಬಿತ್ತು. ಬಾನೆಟ್ ಲಾಕಿನಲ್ಲಿ ಒಂದು ಸಣ್ಣ ಸ್ವಿಚ್ ಇರುತ್ತೆ. ಫ್ರಿಜ್ ಬಾಗಿಲಿನ ದೀಪದ ಗುಂಡಿ ಇದೆಯಲ್ಲ, ಅದೇ ಜಾತಿಯದು. ಲಾಕ್ ಬಿದ್ದರೆ ಒತ್ತುತ್ತೆ, ಬಿಟ್ಟರೆ ಬಿಡುತ್ತೆ. ಅದು ಕೊಡುವ ಸುದ್ದಿಯ ಮೇಲೆ ಕಾರಿನ ಕಂಪ್ಯೂಟರ್ ಇಷ್ಟೆಲ್ಲ ತೀರ್ಮಾನ ಮಾಡುತ್ತೆ.

ಸರ್ವಿಸ್ ಸೆಂಟರ್‌ನಲ್ಲಿ ಇದನ್ನು ಯಾರೂ ನನಗೆ ಹೇಳಲಿಲ್ಲ. ಇಸ್ತ್ರಿ ಅಂಗಿ ತೊಟ್ಟ ಹುಡುಗನೊಬ್ಬ ಟ್ಯಾಬ್ ಹಿಡಿದು ಬಂದ. ವೈರಿಂಗ್ ಸೆಟ್ ಬದಲಿಸಬೇಕು, ಕಂಟ್ರೋಲ್ ಯೂನಿಟ್, ಅಂದರೆ ಆ ಕಂಪ್ಯೂಟರ್ ಕೂಡ ಹೋಗಿರಬಹುದು ಅಂದ. ಹೇಳಿದ ಮೊತ್ತ ಕೇಳಿ ಮಾತು ನಿಂತಿತು. ಆ ಹುಡುಗನ ಮೇಲೆ ನನಗೆ ಸಿಟ್ಟಿಲ್ಲ, ಅವನಿಗೆ ಕಲಿಸಿದ್ದೇ ಅಷ್ಟು. ಆದರೆ ಬಾನೆಟ್ ಬಗ್ಗೆ ದೂರು ಕೊಟ್ಟರೆ ಬಾನೆಟ್ ಎತ್ತಿ ನೋಡದವರಿಗೆ ನಾನ್ಯಾಕೆ ದುಡ್ಡು ಕೊಡಬೇಕು? ಅದಕ್ಕೇ ಮಿಸ್ತ್ರಿ ಹತ್ತಿರ ಹೋಗಿದ್ದು. ಅಡಿಕೆ ಮಾರಿ ಚನ್ನಗಿರಿ ಕಡೆಯಿಂದ ಬಂದಿದ್ದ ಮೈದುನ "ನಾನೂ ಬರ್ತೀನಿ ಅತ್ತಿಗೆ" ಅಂತ ಜೊತೆಗೆ ಹೊರಟ. ಒಳ್ಳೆಯವನು. ಕಷ್ಟ ಅಂದರೆ ನಡುರಾತ್ರಿ ಓಡಿ ಬರುವವನು. ಆದರೆ ಕೆಲಸ ಹೇಗಾದರೂ ಆಗಲಿ, ಬೇಗ ಆಗಲಿ ಅನ್ನೋ ಆತುರ.

ಮಿಸ್ತ್ರಿ ನೋಡಿದ ರೀತಿ ಹೇಳಲೇಬೇಕು. ಮೊದಲು ಬಾನೆಟ್ ಸರಿಯಾಗಿ ಕೂರುತ್ತದೆಯೋ ಇಲ್ಲವೋ ಅಂತ ಎರಡೂ ಮೂಲೆ ಅಂಗೈಯಲ್ಲಿ ಒತ್ತಿ ನೋಡಿದರು. ಮುಂದಿನ ಎರಡು ಮೂಲೆಯಲ್ಲಿ ಗುಂಡನೆಯ ರಬ್ಬರ್ ಇರುತ್ತವೆ, ತಿರುಗಿಸಿದರೆ ಎತ್ತರ ಹೆಚ್ಚುಕಡಿಮೆ ಆಗುತ್ತೆ. ಅವು ಅಳತೆ ತಪ್ಪಿದರೂ ಬಾನೆಟ್ ಅಲ್ಲಾಡಿ ಹೀಗೆ ಆಗೋದುಂಟಂತೆ. ನಮ್ಮದರಲ್ಲಿ ಸರಿ ಇದ್ದವು. ಆಮೇಲೆ ಲಾಕಿಗೆ ಮೆತ್ತಿದ್ದ ಧೂಳು, ಒಣಗಿದ ಗ್ರೀಸ್ ಎಲ್ಲ ಬ್ರಷ್ ಹಾಕಿ ತೆಗೆದರು. ಲಾಕಿನಿಂದ ಹೊರಟ ವೈರನ್ನು ಬೆರಳಲ್ಲೇ ಸವರುತ್ತಾ ಹೋದರು. ಇಲಿ ಕಡಿದಿದೆಯಾ ಅಂತ ನೋಡೋದಕ್ಕೆ. ಭತ್ತ, ಮೆಕ್ಕೆಜೋಳದ ಗೋಡೌನ್‌ಗಳಿರುವ ಊರು ನಮ್ಮದು, ಇಲಿಗೇನು ಕಮ್ಮಿ? ಆದರೆ ವೈರ್ ಚೆನ್ನಾಗಿತ್ತು.

ನನ್ನನ್ನು ಒಳಗೆ ಕೂರಿಸಿ, ಎಂಜಿನ್ ಸ್ಟಾರ್ಟ್ ಮಾಡದೆ ಬರೀ ಇಗ್ನಿಷನ್ ಆನ್ ಮಾಡಿಸಿದರು. "ಆ ಚಿತ್ರ ನೋಡ್ತಾ ಇರ್ರಿ. ಹೋದ್ರೆ ಕೂಗ್ರಿ." ಬಾನೆಟ್ ಎತ್ತಿಟ್ಟುಕೊಂಡೇ ಸ್ಕ್ರೂಡ್ರೈವರ್‌ನಿಂದ ಲಾಕನ್ನು ಕೆಳಗೆ ಒತ್ತಿದರು. ಬಾನೆಟ್ ಮುಚ್ಚಿದೆ ಅಂತ ಲಾಕಿಗೆ ಅನ್ನಿಸಬೇಕು, ಹಾಗೆ. ಚಿತ್ರ ಹೋಗಲಿಲ್ಲ. ಲಾಕಿನ ವೈರ್ ಸೇರುವ ಪ್ಲಗ್, ಅಂದರೆ ಕಪ್ಲರ್ ಬಿಚ್ಚಿದರು. ಪಿನ್ನಿನ ಮೇಲೆ ಹಸಿರು ಕಿಲುಬು ಕೂತಿತ್ತು. ಸ್ಪ್ರೇ ಹೊಡೆದು ಒರೆಸಿ ಮತ್ತೆ ಸಿಕ್ಕಿಸಿದರು. ಆಗಲೂ ಹೋಗಲಿಲ್ಲ. ಮತ್ತೆ ಬಿಚ್ಚಿ ಸ್ವಿಚ್ಚಿನ ಎರಡು ಪಿನ್ನಿಗೆ ಕರೆಂಟ್ ದಾಟುತ್ತಾ ಅಂತ ನೋಡುವ ಕೈಮೀಟರ್ ಹಿಡಿದರು. ಲಾಕ್ ಒತ್ತಿದಾಗ ಮೀಟರ್ ಬೀಪ್ ಅಂತ ಒಂದೇ ಸಮನೆ ಕೂಗಬೇಕು, ಬಿಟ್ಟಾಗ ನಿಲ್ಲಬೇಕು. ಅದು ಒಮ್ಮೆ ಕೂಗಿ ಸುಮ್ಮನಾಗುತ್ತಿತ್ತು. ಲಾಕನ್ನು ಸ್ವಲ್ಪ ಅಲ್ಲಾಡಿಸಿದರೆ ಮತ್ತೆ ಅರ್ಧ ಕೂಗು. ರೋಡ್ ಹಂಪ್ ಮೇಲೆ ಚಿತ್ರ ಬಂದು ಹೋಗುತ್ತಿದ್ದುದು ಯಾಕೆ ಅಂತ ಆಗ ಗೊತ್ತಾಯಿತು. ಕೆಲವು ಕಾರುಗಳಲ್ಲಿ ಇದು ತಿರುಗುಮುರುಗು, ಬಾನೆಟ್ ತೆರೆದಾಗ ಮೀಟರ್ ಕೂಗುತ್ತೆ. ಅದಕ್ಕೇ ಗಾಡಿಯ ವೈರಿಂಗ್ ನಕ್ಷೆ ನೋಡದೆ ತೀರ್ಪು ಕೊಡಬಾರದು ಅಂದರು. ಫೋನಿನಲ್ಲಿ ಆ ನಕ್ಷೆ ತೆಗೆದೇ ಇಟ್ಟುಕೊಂಡಿದ್ದರು.

ಕೊನೆಗೆ ಗೇಣುದ್ದದ ವೈರ್ ತುಂಡು ತೆಗೆದು, ಕಾರಿನ ಕಡೆಯ ಕಪ್ಲರ್‌ನ ಎರಡು ತೂತಿಗೆ ಸೇರಿಸಿದರು.

"ಹೋಯ್ತು!" ಅಂತ ಕೂಗಿದೆ. ಚಿತ್ರ ಮಾಯವಾಗಿತ್ತು.

ಅಂದರೆ ಅಲ್ಲಿಂದಾಚೆ ವೈರಿಂಗ್ ಸರಿ ಇದೆ, ಕಂಟ್ರೋಲ್ ಯೂನಿಟ್ ಸರಿ ಇದೆ. ಕೆಟ್ಟಿದ್ದು ಲಾಕಿನೊಳಗಿನ ಆ ಸಣ್ಣ ಸ್ವಿಚ್ ಒಂದೇ. ಸರ್ವಿಸ್ ಸೆಂಟರ್‌ನವರು ಹೇಳಿದ ಅಷ್ಟೂ ಮೊತ್ತ ಆ ಗೇಣುದ್ದದ ವೈರಿನಲ್ಲಿ ಬಿದ್ದುಹೋಯಿತು.

ಮೈದುನ ತಕ್ಷಣ ಅಂದ. "ಹೋಯ್ತಲ್ಲ ಅತ್ತಿಗೆ! ಇನ್ನೇನು? ಆ ವೈರಿಗೆ ಟೇಪ್ ಸುತ್ತಿ ಹಂಗೇ ಬಿಟ್ರೆ ಮುಗೀತು. ಲಾಕ್ ಯಾಕೆ ತರಿಸ್ಬೇಕು?"

ಮಿಸ್ತ್ರಿ ವೈರ್ ಕಿತ್ತರು. ಜೇಬಿಗೆ ಹಾಕಿಕೊಂಡರು. "ಟೆಸ್ಟಿಗೆ ಹಾಕೋದು ಬೇರೆ, ಬಿಡೋದು ಬೇರೆ. ಹಂಗೇ ಬಿಟ್ರೆ ನಿಮಗೇನೂ ಆಗಲ್ಲ. ಬಾನೆಟ್ ತೆಗೆಯೋರು ನೀವಲ್ಲ ಮೇಡಂ, ನಾವು."

ಹೇಳಿ, ಹಿಂದೆ ನಿಂತಿದ್ದ ಹುಡುಗನನ್ನು ನೋಡಿದರು. ಐಟಿಐ ಮುಗಿಸಿ ಈಗಷ್ಟೇ ಕೆಲಸಕ್ಕೆ ಸೇರಿದವನು. ಅವನ ಎಡಗೈ ಆಗಲೂ ರೇಡಿಯೇಟರ್ ಫ್ಯಾನಿನ ಪಕ್ಕದಲ್ಲೇ ಇತ್ತು, ಬಿದ್ದ ಕ್ಲಿಪ್ ಹುಡುಕುತ್ತಿದ್ದ. ಆ ಕೈಯನ್ನು ನಾನು ಎಷ್ಟು ಸಲ ನೆನೆಸಿಕೊಂಡಿದ್ದೀನೋ. ಉಗುರಿನ ಸುತ್ತ ಕಪ್ಪು, ಮಣಿಕಟ್ಟಿಗೆ ಕೆಂಪು ದಾರ.

ಆ ವೈರ್ ಅಲ್ಲೇ ಇದ್ದಿದ್ದರೆ ಬಾನೆಟ್ ಸದಾ ಮುಚ್ಚಿದೆ ಅಂತಲೇ ಕಾರು ತಿಳಿದಿರುತ್ತಿತ್ತು. ನಾಳೆ ಯಾರೋ ಬಾನೆಟ್ ಎತ್ತಿ ಬೆಲ್ಟ್ ಹತ್ತಿರ ಕೈ ಹಾಕಿರುತ್ತಾರೆ. ನಾನು ದೂರದಲ್ಲಿ ಟೀ ಕುಡಿಯುತ್ತಾ ಮರೆತು ಕೀ ಒತ್ತಿದರೆ ಎಂಜಿನ್ ಸ್ಟಾರ್ಟ್ ಆಗುತ್ತೆ. ಸಿಗ್ನಲ್‌ನಲ್ಲಿ ಆಫ್ ಆಗುವ ಎಂಜಿನ್ ಕೂಡ ಹಾಗೇ. ಅದು ಪೂರ್ತಿ ಆಫ್ ಆಗಿರಲ್ಲ, ಕಾಯುತ್ತಾ ಇರುತ್ತೆ. ಹಾಗಾಗಬಾರದು ಅಂತಲೇ ಆ ಸ್ವಿಚ್ ಇರೋದು. ಕಳ್ಳರ ಸೈರನ್ ಅದರ ಒಂದು ಕೆಲಸ ಮಾತ್ರ. ಕೆಲವು ಕಂಪನಿಯವರು ಸ್ವಿಚ್ಚಿನೊಳಗೆ ಕರೆಂಟ್ ಹರಿಯೋದನ್ನು ತಗ್ಗಿಸುವ ಒಂದು ರೆಸಿಸ್ಟರ್ ಕೂಡ ಇಟ್ಟಿರುತ್ತಾರಂತೆ. ಸುಮ್ನೆ ವೈರ್ ಸೇರಿಸಿದರೆ ಕಂಪ್ಯೂಟರ್‌ಗೆ ಗೊತ್ತಾಗಲಿ ಅಂತ. ನಮ್ಮ ಕಾರಿನಲ್ಲಿ ಆ ಏರ್ಪಾಡು ಇರಲಿಲ್ಲ. ಇಲ್ಲಿ ತಡೆದಿದ್ದು ಆ ಮಿಸ್ತ್ರಿ ಒಬ್ಬರೇ.

ನನಗೆ ಈ ಮಾತು ಇಷ್ಟು ನಾಟಲು ಕಾರಣ ನನ್ನ ಕೆಲಸ. ನಾನು ಕೃಷಿ ಸಾಲದ ಮೇಜಿನಲ್ಲಿ ಕೂರುವವಳು. ಮೆಕ್ಕೆಜೋಳದ ಒಕ್ಕಣೆ ಯಂತ್ರ, ಮೇವು ಕತ್ತರಿಸುವ ಯಂತ್ರ, ಚನ್ನಗಿರಿ ಕಡೆಯಿಂದ ಅಡಿಕೆ ಸುಲಿಯುವ ಯಂತ್ರ, ಎಲ್ಲದರ ಕಾಗದವೂ ನನ್ನ ಕೈ ದಾಟಿಯೇ ಹೋಗೋದು. ಕೊಟೇಶನ್ ಜೊತೆ ಬರುವ ಫೋಟೋದಲ್ಲಿ ಬೆಲ್ಟಿಗೆ ತಗಡಿನ ಕವರ್ ಇರುತ್ತೆ, ತೆನೆ ಹಾಕುವ ಬಾಯಿ ಉದ್ದಕ್ಕಿರುತ್ತೆ. ಆಮೇಲೆ ಪರಿಶೀಲನೆಗೆ ಹೋದರೆ ಕವರ್ ಕಣದ ಮೂಲೆಯಲ್ಲಿ ಬಿದ್ದಿರುತ್ತೆ. ಕೇಳಿದರೆ, "ಬೆಲ್ಟ್ ಜಾರಿದ್ರೆ ಬಿಚ್ಚೋದು ಲೇಟಾಗುತ್ತೆ ಮೇಡಂ" ಅನ್ನುತ್ತಾರೆ. ಹೇಳುವವರು ಯಜಮಾನರು. ಯಂತ್ರದ ಬಾಯಿಗೆ ತೆನೆ ತಳ್ಳುವವರು ಕೂಲಿಗೆ ಬಂದ ಹೆಣ್ಣುಮಕ್ಕಳು, ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡವರು. ಒಕ್ಕಣೆ ಯಂತ್ರದಲ್ಲಿ ಕೈ ಕಳೆದುಕೊಂಡವರ ಗೋಳು ಹೆಚ್ಚಾಗಿ 1983ರಲ್ಲೇ ಅಪಾಯಕಾರಿ ಯಂತ್ರಗಳ ನಿಯಂತ್ರಣ ಕಾಯ್ದೆ ಬಂತು. ಕಾರ್ಖಾನೆಗಳಿಗೆ ಅದಕ್ಕೂ ಮುಂಚೆ, 1948ರ ಕಾಯ್ದೆಯಲ್ಲೇ, ತಿರುಗುವ ಯಂತ್ರಕ್ಕೆ ಬೇಲಿ ಇರಲೇಬೇಕು ಅಂತ ಇತ್ತು. ಹತ್ತಿ ಮಿಲ್ಲುಗಳಿಂದ ಹೆಸರಾದ ಊರು ನಮ್ಮದು. ಬೆಲ್ಟು, ಬೇಲಿ ಇಲ್ಲಿ ಯಾರಿಗೂ ಹೊಸದಲ್ಲ.

ಆದರೂ ಕವರ್ ಬಿಚ್ಚುವವರು ಬಿಚ್ಚುತ್ತಲೇ ಇದ್ದಾರೆ. ಕೆಟ್ಟವರಲ್ಲ ಅವರು. ನನ್ನ ಮೈದುನನೇ ಇದ್ದಾನಲ್ಲ, ಗ್ಯಾರೇಜಿನ ಹುಡುಗನ ಕೈಗೆ ಏಟಾದರೆ ಮೊದಲು ಆಸ್ಪತ್ರೆಗೆ ಓಡಿಸುವವನೇ ಅವನು. ಆದರೆ ಕೈ ಹಾಕುವವರು ಯಾರು ಅನ್ನೋ ಪ್ರಶ್ನೆ ಅವನಿಗೆ ಬರಲೇ ಇಲ್ಲ. ದುಡ್ಡು ಉಳಿಯೋದು ಒಬ್ಬರಿಗೆ, ಅಪಾಯ ಇನ್ನೊಬ್ಬರಿಗೆ. ಉಳಿಸಿದವರಿಗೆ ಅದು ಕಾಣೋದೇ ಇಲ್ಲ. ಅಪಾಯ ಇರುವವರು ಬಾಯಿಬಿಟ್ಟು ಹೇಳೋದೂ ಕಮ್ಮಿ. ಹೇಳಿದರೆ ಗಿರಾಕಿ ಹೋಗುತ್ತಾನೆ, ಕೂಲಿ ತಪ್ಪುತ್ತೆ. ಮಿಸ್ತ್ರಿಗೂ ನಾನು ಬೇರೆ ಗ್ಯಾರೇಜಿಗೆ ಹೋಗಬಹುದು ಅಂತ ಗೊತ್ತಿತ್ತು. ಟೇಪ್ ಸುತ್ತಿ ನೂರು ಇನ್ನೂರು ತಗೊಂಡಿದ್ದರೆ ನಾನು ಖುಷಿಯಾಗಿಯೇ ಮನೆಗೆ ಬರುತ್ತಿದ್ದೆ. ಆದರೂ ಹೇಳಿದರು. ಅದಕ್ಕೇ ಅವರ ಮೇಲೆ ನನಗೆ ಇಷ್ಟು ಗೌರವ.

ನಮ್ಮ ಕಾರಿನಲ್ಲಿ ಸ್ವಿಚ್ ಬೇರೆಯಾಗಿ ಸಿಗಲ್ಲ, ಲಾಕ್ ಪೂರ್ತಿ ಬದಲಿಸಬೇಕು. ಹುಬ್ಬಳ್ಳಿಯಿಂದ ಬಸ್ಸಿನ ಪಾರ್ಸೆಲ್‌ನಲ್ಲಿ ಬಂತು. ಹಾಕುವಾಗ ನಾನೂ ಹೋಗಿದ್ದೆ. ಮೊದಲು ಬ್ಯಾಟರಿಯ ಮೈನಸ್ ವೈರ್ ಬಿಚ್ಚಿದರು. ಹಳೇ ಲಾಕ್ ಕೂತಿದ್ದ ಜಾಗಕ್ಕೆ ಮಾರ್ಕರ್‌ನಿಂದ ಸುತ್ತ ಗೆರೆ ಎಳೆದರು. ಹೊಸದು ಒಂಚೂರು ಆಚೀಚೆ ಕೂತರೂ ಬಾನೆಟ್ ವಾಲುತ್ತದಂತೆ. 10ರ ಸ್ಪ್ಯಾನರ್‌ನಲ್ಲಿ ಬೋಲ್ಟ್ ಬಿಚ್ಚಿ, ಕೇಬಲ್ಲಿನ ತುದಿಯ ಗುಂಡನ್ನು ಹಳೇ ಲಾಕಿನಿಂದ ಓರೆಯಾಗಿ ತಪ್ಪಿಸಿ, ಹೊಸ ಲಾಕಿಗೆ ಸಿಕ್ಕಿಸಿದರು. ಗೆರೆಗೆ ಸರಿಯಾಗಿ ಕೂರಿಸಿ ಬಿಗಿದು ಗ್ರೀಸ್ ಹಚ್ಚಿದರು. ಬಾನೆಟ್ ಇಳಿಸಲಿಲ್ಲ. ಮೊದಲು ಸ್ಕ್ರೂಡ್ರೈವರ್‌ನಿಂದ ಲಾಕ್ ಬೀಳಿಸಿ, ಹುಡುಗನ ಕೈಲಿ ಒಳಗಿನ ಲಿವರ್ ಎಳೆಸಿ, ಬಿಡುತ್ತದೆ ಅಂತ ಖಾತ್ರಿ ಮಾಡಿಕೊಂಡರು. ಕೇಬಲ್ ಸರಿಯಾಗಿ ಕೂರದೆ ಬಾನೆಟ್ ಮುಚ್ಚಿಬಿಟ್ಟರೆ ಮತ್ತೆ ತೆರೆಯೋದು ದೊಡ್ಡ ಫಜೀತಿ.

ಬ್ಯಾಟರಿ ಸೇರಿಸಿ, ಕಾರಿನ ಕಂಪ್ಯೂಟರ್ ಏನು ಹೇಳುತ್ತೆ ಅಂತ ತೋರಿಸುವ ಸ್ಕ್ಯಾನರ್ ಹಾಕಿದರು. ಲಾಕ್ ಒತ್ತಿದಾಗ ಬಾನೆಟ್ ಮುಚ್ಚಿದೆ ಅಂತ ಬಂತು, ಬಿಟ್ಟಾಗ ತೆರೆದಿದೆ ಅಂತ ಬಂತು. ನನಗೆ ಅಷ್ಟು ಸಾಕಿತ್ತು. ಅವರಿಗೆ ಸಾಲಲಿಲ್ಲ. ಬಾನೆಟ್ ಎತ್ತಿಯೇ ಇಟ್ಟು, ಹುಡುಗನನ್ನು ಮಾರು ದೂರ ನಿಲ್ಲಿಸಿ, "ಈಗ ಲಾಕ್ ಮಾಡಿ ದೂರದಿಂದ ಸ್ಟಾರ್ಟ್ ಒತ್ರಿ ಮೇಡಂ" ಅಂದರು. ಒತ್ತಿದೆ. ಎಂಜಿನ್ ಸ್ಟಾರ್ಟ್ ಆಗಲಿಲ್ಲ. ಇನ್ನೊಮ್ಮೆ ಒತ್ತಿಸಿದರು. ಆಗಲೂ ಆಗಲಿಲ್ಲ. "ಹಾಂ, ಇದು ಬೇಕಿತ್ತು" ಅಂದರು. ಆಮೇಲೆ ಬಾನೆಟ್ ಮುಚ್ಚಿ ಒತ್ತಿಸಿದರು, ಸ್ಟಾರ್ಟ್ ಆಯಿತು. ಹುಡುಗನ ಕಡೆ ತಿರುಗಿ, "ಈ ಸ್ವಿಚ್ ಇದೆ ಅಂತ ಫ್ಯಾನ್ ನಂಬಬೇಡ. ಎಂಜಿನ್ ಬಿಸಿ ಇದ್ರೆ ಆಫ್ ಮಾಡಿದ ಮೇಲೂ ಫ್ಯಾನ್ ತಿರುಗುತ್ತೆ" ಅಂದರು. ಹುಡುಗ ತಲೆಯಾಡಿಸಿದ.

ರಾತ್ರಿ ಈಗ ಸೈರನ್ ಇಲ್ಲ. ಪಕ್ಕದ ಮನೆಯ ಕೂಸು ತನ್ನ ಹೊಟ್ಟೆ ಹಸಿದಾಗ ಮಾತ್ರ ಅಳುತ್ತೆ.

ಮೊನ್ನೆ ಮೈದುನನಿಗೆ ಫೋನ್ ಮಾಡಿದೆ. ಅವನ ಮನೆಯಲ್ಲೂ ಅಡಿಕೆ ಸುಲಿಯುವ ಯಂತ್ರ ಇದೆ, ಸಾಲ ನಮ್ಮ ಬ್ಯಾಂಕಿನದಲ್ಲ. ಹೋದ ಸಲ ಹೋದಾಗ ಅದರ ಬೆಲ್ಟಿನ ಕವರ್ ಹಿತ್ತಲ ಗೋಡೆಗೆ ಒರಗಿಸಿಟ್ಟಿದ್ದನ್ನು ನೋಡಿದ್ದೆ. "ಆ ಕವರ್ ಹಾಕಿಸಿದೆಯಾ?" ಅಂತ ಕೇಳಿದೆ. ಸ್ವಲ್ಪ ಹೊತ್ತು ಸುಮ್ಮನಿದ್ದ. ಆಮೇಲೆ, "ಬೋಲ್ಟ್ ಕಳೆದೋಗಿದಾವೆ ಅತ್ತಿಗೆ, ನೋಡ್ತೀನಿ" ಅಂದ. ಯಾವ ಅಳತೆಯ ಬೋಲ್ಟ್ ಅಂತ ಕೇಳಿ ಬರೆದುಕೊಂಡಿದ್ದೇನೆ. ಭಾನುವಾರ ಹೋಗುವಾಗ ಇಲ್ಲಿಂದಲೇ ತಗೊಂಡು ಹೋಗುತ್ತೇನೆ.