ರೈಲು ನಿಂತಾಗ ಶುರುವಾಗುವ ಮಾತು

ನಾನೀಗ ಇರುವ ಕೆನಡಾದಲ್ಲಿ ಟೊರಾಂಟೊದಿಂದ ವ್ಯಾಂಕೂವರ್‌ಗೆ ರೈಲಿನಲ್ಲಿ 4,466 ಕಿಲೋಮೀಟರ್. ನಾಲ್ಕು ರಾತ್ರಿಯ ಪಯಣ. ಕಲಬುರಗಿಯಿಂದ ಬೆಂಗಳೂರಿಗೆ ಒಂದು ರಾತ್ರಿ ಕಳೆಯುವುದಕ್ಕೇ ನಾವು ಬುತ್ತಿ ಕಟ್ಟಿಕೊಂಡು ಹೊರಡುವವರು, ಅಲ್ವಾ?

ಆ ದಾರಿಯ ಮೇಲೆ ಇಲ್ಲಿನ ಇಬ್ಬರು ವಿದ್ಯಾರ್ಥಿಗಳು ಕಿರುಚಿತ್ರ ಮಾಡಿದ್ದಾರೆ. ನಮ್ಮ ಏರಿಯಾದ ಲೈಬ್ರರಿಯಲ್ಲಿ ತೋರಿಸಿದರು. ಕಥೆ ಅಂತ ಏನಿಲ್ಲ. ಕಿಟಕಿ, ಹಿಮ, ಮುಗಿಯದ ಬಯಲು, ಹಿಂದೆ ಕವಿತೆ ಓದುವ ದನಿ. ಬಯಲು ಸಸ್ಕ್ಯಾಚವಾನ್ ಪ್ರಾಂತ್ಯದ್ದು. ಅದೂ ಬೇಳೆ ಸೀಮೆಯೇ. ನಾವು ತೊಗರಿಯವರು, ಅವರು ಮಸೂರದವರು.

ಚಿತ್ರದ ಜೀವ ಇರುವುದು ರೈಲು ನಿಂತಾಗ. ಇಲ್ಲಿ ಹಳಿ ಬಹುಪಾಲು ಸರಕು ಸಾಗಿಸುವ ಕಂಪನಿಯದು. ಗೂಡ್ಸ್ ಬಂದರೆ ಪ್ಯಾಸೆಂಜರ್ ರೈಲು ಪಕ್ಕದ ಹಳಿಗೆ ಸರಿದು ಕಾಯಬೇಕು. ನಮ್ಮಲ್ಲಿ ಸಾಮಾನ್ಯವಾಗಿ ಗೂಡ್ಸ್ ಕಾಯುತ್ತೆ, ಇಲ್ಲಿ ಜನ ಕಾಯುತ್ತಾರೆ. ಹಾಗೆ ನಿಂತಿರುವಾಗ ಒಬ್ಬ ಅಜ್ಜಿ ಕಿತ್ತಳೆ ಸುಲಿಯುತ್ತಾಳೆ. ನಾರು ಬಿಡಿಸಿ, ಅರ್ಧ ಹಣ್ಣನ್ನು ಎದುರಿನ ಹುಡುಗನ ಮುಂದೆ ಹಿಡಿಯುತ್ತಾಳೆ. ಅವನು ಒಂದೇ ಕಿವಿಯ ಇಯರ್‌ಫೋನ್ ತೆಗೆದು, ತೊಳೆ ಬಾಯಿಗಿಟ್ಟು, ಬೀಜ ಎಲ್ಲಿ ಉಗುಳುವುದು ಅಂತ ಅತ್ತಿತ್ತ ನೋಡುತ್ತಾನೆ. ಅಜ್ಜಿ ಅಂಗೈ ಒಡ್ಡುತ್ತಾಳೆ. ಅಲ್ಲಿಯವರೆಗೆ ಬಿಡದೆ ಕೊರೆಯುತ್ತಿದ್ದ ಕವಿತೆ ಅಲ್ಲಿ ಮಾತ್ರ ಸುಮ್ಮನಿದೆ. ಪುಣ್ಯಕ್ಕೆ.

ಲಿಂಕ್ ಮನೆಗೆ ಕಳಿಸಿದೆ. ರಾತ್ರಿ ವಿಡಿಯೋ ಕಾಲ್‌ನಲ್ಲಿ ಕಾಕಾ ಕೇಳಿದ್ದು ಒಂದೇ: "ಅಲ್ಲೋ ತಮ್ಮಾ, ಇಷ್ಟೊತ್ತು ಎದುರಾಬದುರು ಕುಂತಾರ. ಯಾವೂರು, ಯಾರ ಪೈಕಿ ಅಂತ ಒಬ್ಬರೂ ಕೇಳವಲ್ರಲ್ಲ?"

ಕಾಕಾ ಹಾಗೆ ಕೇಳದೆ ಬಿಡುವವರಲ್ಲ. ವಾಡಿ ಜಂಕ್ಷನ್‌ನಲ್ಲಿ ಗಾಡಿ ನಿಂತಿದ್ದಾಗ ಶೇಂಗಾ ಹಿಂಡಿ ಹಚ್ಚಿದ ರೊಟ್ಟಿ ಎದುರಿನವರಿಗೆ ಕೊಟ್ಟು, ಯಾದಗಿರಿ ಬರುವಷ್ಟರಲ್ಲಿ ನಮ್ಮಕ್ಕನಿಗೆ ಸಂಬಂಧ ನೋಡಿದವರು. ಅದು ಕುದುರಲಿಲ್ಲ, ಬೇರೆ ಮಾತು. ಆ ಮನೆಯವರು ಈಗಲೂ ನಮ್ಮೂರ ಶರಣಬಸವೇಶ್ವರ ಜಾತ್ರೆಗೆ ಬಂದರೆ ನಮ್ಮಲ್ಲೇ ಉಳಿಯುತ್ತಾರೆ.

ನನಗಂತೂ ಹೆಸರು ಕೇಳದೆ ಕೊಟ್ಟ ಆ ಅರ್ಧ ಹಣ್ಣು ಸಾಕು ಅನಿಸಿತ್ತು. ಆದರೂ ಕಾಕಾನ ಪ್ರಶ್ನೆಯನ್ನು ಚಿತ್ರ ಮಾಡಿದ ಹುಡುಗಿಗೆ ಮೆಸೇಜ್ ಮಾಡಿದೆ. "ಇಲ್ಲಿ ಹಾಗೆಲ್ಲ ಕೇಳಿದರೆ ಜನ ಎದ್ದು ಬೇರೆ ಸೀಟಿಗೆ ಹೋಗುತ್ತಾರೆ" ಅಂತ ಉತ್ತರ ಬಂತು. ಅದನ್ನೇ ಕಾಕಾಗೆ ಹೇಳಿದೆ.

"ಹಂಗಾದ್ರ ನಾಕು ರಾತ್ರಿ ಏನ್ ಮಾಡ್ತಾರೋ?" ಅಂದರು.